ಮೊಣಕೈವರೆಗಿನ ಸಾರು

ನವೆಂಬರ್ ೧೪, ಶುಕ್ರವಾರ. ಬಿನ್ ಒಮ್ರಾನ್.

ಎಷ್ಟು ತೊಳೆದರೂ ಕೈಯ ಹೇಸಿಗೆ ಹೋಗುತ್ತಿಲ್ಲ.

ಸ್ಪೇನಿನ ಆ ಇನ್ಯಾಕಿ ಇಷ್ಟು ವರ್ಷ ತನ್ನ ಸಿನಿಮಾಗಳನ್ನು ತಾನೇ ಬರೆದು ತಾನೇ ನಟಿಸಿದವನಂತೆ. ಈಗ ಅಲ್ಲಿ ಯಾರೂ ಕರೆಯುತ್ತಿಲ್ಲ. ಅದಕ್ಕೇ ಇಲ್ಲಿ ಕೊಲ್ಲಿಗೆ ಬಂದು, ನಮ್ಮ ಹಮದ್ ಬಂದರಿನ ಭಾರತೀಯ ಕೂಲಿಯೊಬ್ಬನ ಕತೆ ಬರೆದಿದ್ದಾನೆ, ಕೂಲಿಯೂ ಅವನೇ. ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು ಕೂತಿದ್ದ. ಥೂ!

ಅವನಿಗೆ ಕೈಯಲ್ಲಿ ಅನ್ನ ತಿನ್ನಲು ಕಲಿಸಬೇಕೆಂದು ನನ್ನನ್ನು ಕರೆಸಿದ್ದು ಶೂಟಿಂಗ್ ನೋಡಿಕೊಳ್ಳುವ ರೋಶನ್. ಇಲ್ಲಿನ ಕನ್ನಡ ಸಂಘದ ನಾಟಕಗಳಲ್ಲಿ ಪಾರ್ಟು ಮಾಡುವವನಲ್ಲವೇ ನಾನು, ಸಣ್ಣ ಪಾತ್ರವಾದರೂ ಸಿಕ್ಕೀತೆಂದು ಇಸ್ತ್ರಿ ಹಾಕಿದ ಅಂಗಿ ತೊಟ್ಟು ಹೋಗಿದ್ದೆ.

ಸಾರನ್ನ ಕಲಸಿ ತಿಂದು ತೋರಿಸಿದೆ. ಇನ್ಯಾಕಿ ಮುಖ ಹಿಂಡಿ ಏನೋ ಹೇಳಿದ.

"ಇಷ್ಟು ನೀಟಾಗಿ ಬೇಡವಂತೆ ತಾರಣ್ಣ," ಎಂದ ರೋಶನ್. "ಮೊಣಕೈವರೆಗೆ ಸಾರು ಇಳೀಬೇಕಂತೆ. ಹಸಿದವರು ಹಾಗೇ ತಿನ್ನೋದಂತೆ."

"ನಮ್ಮಲ್ಲಿ ಯಾರು ಮಾರಾಯ ಹಾಗೆ ತಿನ್ನೋದು?"

"ಯಲ್ಲಾ ಯಲ್ಲಾ, ಬೇಗ ಒಮ್ಮೆ ಮಾಡಿ ತೋರ್ಸಿ ಮಾರಾಯ್ರೆ."

ತೋರಿಸಿದೆ. ಮೊಣಕೈಯಿಂದ ಸಾರು ತೊಟ್ಟಿಕ್ಕಿತು. ಎಲ್ಲರೂ ಚಪ್ಪಾಳೆ ತಟ್ಟಿದರು, ಸಂಘದ ನಾಟಕದಲ್ಲಿ ನನಗೆ ಎಂದೂ ಬೀಳದಷ್ಟು. ನಾಚಿಕೆಗೇಡು, ಆ ಕ್ಷಣ ಖುಷಿಯೂ ಆಯಿತು.

ಅಡುಗೆಮನೆಯಿಂದ ಹೆಂಡತಿ ಭವ್ಯ ಊಟಕ್ಕೆ ಕರೆಯುತ್ತಿದ್ದಾಳೆ. ಚಮಚ ಕೊಡು ಎಂದರೆ, ಯಾಕೆ ಎಂದು ಕೇಳದೆ ಬಿಡುವವಳಲ್ಲ. ಏನೆಂದು ಹೇಳಲಿ, ಈ ಕೈಯಲ್ಲಿ ಇವತ್ತು ಅನ್ನ ಮುಟ್ಟಲಾರೆ ಎಂದೇ?