ಗಿರಣಿಯೊಳಗಿನ ಹೊತ್ತು

೧೨ ಅಕ್ಟೋಬರ್ ೧೯೯೮, ಸೋಮವಾರ

ಏಳಕ್ಕೇ ಗಿರಣಿ ತೆಗೆದೆ. ಬೆಳಗ್ಗೆ ಕೆರೆದ ಗಡ್ಡ ಸಂಜೆಗೆ ಮತ್ತೆ ಮುಳ್ಳು. ಹೆಂಡತಿ ವಿಶಾಲ ಕೇಳಿದಳು — "ಗಡ್ಡಕ್ಕೆ ಯಾವ ಗೊಬ್ಬರ ಹಾಕ್ತೀರಿ?" ನಿನ್ನ ಬೈಗುಳ ಎಂದೆ.

ಇವತ್ತಿನ ವಿಚಿತ್ರ. ರಾಗಿ ಬೀಸಿಸಲು ಬಂದ ಮಾದಮ್ಮ ಜಗಳ ತೆಗೆದಳು. "ಒಂದ್ ಗಂಟೆ ಕಾಯಿಸ್ದೆ ಕಣಣ್ಣ, ಸೊಂಟ ಬಿದ್ದೋಯ್ತು!" ಮನೆಗೆ ಹೋದವಳು ಓಡೋಡಿ ಬಂದಳು. "ಒಲೆ ಮೇಲಿನ ಅನ್ನ ಇನ್ನೂ ಬೆಂದೇ ಇಲ್ಲ ಕಣಣ್ಣ!" ಗಿರಣಿ ಗಡಿಯಾರದಲ್ಲಿ ಹನ್ನೊಂದೂಕಾಲು. ಎದುರಿನ ಬಸ್ ಸ್ಟ್ಯಾಂಡಿನಲ್ಲಿ ಹತ್ತೂವರೆ.

೧೪ ಅಕ್ಟೋಬರ್

ಗಂಗಾಧರಪ್ಪ ಮೇಷ್ಟ್ರು ಬಂದಿದ್ದರು. ಸೈನ್ಸ್ ಮೇಷ್ಟ್ರು, ರಿಟೈರಾಗಿದ್ದಾರೆ. ಬಾಗಿಲು ಹಾಕಿಸಿ ಎಲ್ಲದಕ್ಕೂ ಕಿವಿ ಕೊಟ್ಟರು. ಬೆಲ್ಟಿಗೆ, ಗೂಡಿನ ತಾಮ್ರದ ಕೊಳಗಕ್ಕೆ, ಕಿಟಕಿಯ ತಗಡಿಗೆ.

"ಧನ್ಯಕುಮಾರ, ಮೂರೂ ಒಂದೇ ಶ್ರುತೀಲಿ ನಡುಗ್ತಾ ಅವೆ. ಆಗ ಗಿರಣಿ ಒಳಗಿನ ಹೊತ್ತು ಓಡ್ತದೆ, ಹೊರಗಿಂದು ತೆವಳ್ತದೆ. ಇದು ಕಾಲಕಂಪನ ಶಾಸ್ತ್ರ ಕಣಯ್ಯ."

"ಗುಂಯ್ ಶಾಸ್ತ್ರ ಅನ್ನಿ ಸಾರ್, ನನಗೂ ನೆನಪಿರ್ತದೆ."

ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟವನು ನಾನು. ಈಗ ಸೈಂಟಿಸ್ಟು!

೧೭ ಅಕ್ಟೋಬರ್

ಪ್ರಯೋಗ. ಕಲ್ಲಿನ ತಿರುಪು ಅರ್ಧ ಸುತ್ತು ಬಿಗಿ ಮಾಡಿದೆ. ಗುಂಯ್ ಎಂಬುದು ಹಲ್ಲಿಗೇ ಹತ್ತಿತು. ಹೊರಗೆ ಮೇಷ್ಟ್ರು ಬೀಡಿ ಹಚ್ಚಿದರು. ಒಳಗೆ ನಾನು ಬುತ್ತಿ ಉಂಡೆ, ಎಲೆ ಅಡಿಕೆ ಹಾಕಿದೆ, ಮೂಟೆ ಮೇಲೆ ಒಂದು ಸಣ್ಣ ನಿದ್ದೆ ತೆಗೆದೆ. ಬಂದು ನೋಡಿದರೆ ಬೀಡಿ ಇನ್ನೂ ಅರ್ಧ ಉಳಿದಿತ್ತು.

ಊರಿಗೆಲ್ಲ ಹೇಳಿದೆ. ಒಬ್ಬರೂ ನಂಬಲಿಲ್ಲ. ನನ್ನ ಬಾಯಲ್ಲಿ ಬಂದರೆ ಸತ್ಯವೂ ತಮಾಷೆಯೇ.

೩೧ ಅಕ್ಟೋಬರ್

ಬಾಣಾವರದಿಂದ ರತ್ನಪ್ರಭಕ್ಕನ ಕಾರ್ಡು. ಒಂಬತ್ತು ವರ್ಷದ ಮೇಲೆ! "ಸೋಮವಾರ ಬರುತ್ತೇನೆ. ಹೊತ್ತಿದ್ದರೆ ಊಟ. ಬೆಳಗ್ಗೆ ಮೊದಲ ಬಸ್ಸಿಗೆ ಅರೇಹಳ್ಳಿ." ಅಷ್ಟೇ.

ಅಕ್ಕನ ಗೃಹಪ್ರವೇಶದಲ್ಲಿ, ಅವಳ ಅತ್ತೆ ಮಾವನ ಎದುರಿಗೇ ಅಂದಿದ್ದೆ — ಈ ಪಾಯಸದಲ್ಲಿ ದ್ರಾಕ್ಷಿ ಹುಡುಕಲು ಟಾರ್ಚು ಬೇಕು. ಪಂಕ್ತಿಯೆಲ್ಲ ನಕ್ಕಿತು. ಅವಳು ಒಳಗೆ ಹೋಗಿ ಅತ್ತಳಂತೆ. ಅಂದಿನಿಂದ ನಮ್ಮ ಮನೆಯ ಒಂದು ತುತ್ತೂ ಮುಟ್ಟಿಲ್ಲ.

ಜೈನರ ವ್ರತ, ಹೊತ್ತು ಮುಳುಗಿದ ಮೇಲೆ ಅಕ್ಕ ನೀರೂ ಕುಡಿಯುವುದಿಲ್ಲ. ಮಂಗಳವಾರ ಚತುರ್ದಶಿ, ಪೂರ್ತಿ ಉಪವಾಸ. ಇರುವುದು ಆ ಒಂದು ಸಂಜೆ.

೨ ನವೆಂಬರ್, ಸಂಜೆ ಏಳು

ಬಿಸಿ ಆರುವ ಮೊದಲೇ ಬರೆದುಬಿಡುತ್ತೇನೆ.

ಜಾವಗಲ್ ಹತ್ತಿರ ಬಸ್ಸು ಪಂಕ್ಚರ್. ನಾಲ್ಕಕ್ಕೆ ಬರಬೇಕಾದದ್ದು ಬಂದಾಗ ಐದೂ ನಲವತ್ತೆಂಟು. ಐವತ್ತಮೂರಕ್ಕೆ ಸೂರ್ಯಾಸ್ತ. ಮನೆಗೆ ನಡೆಯಲು ಹತ್ತು ನಿಮಿಷ ಬೇಕು. ವಿಶಾಲ ಅಡುಗೆಯನ್ನೆಲ್ಲ ಗಿರಣಿಗೇ ಹೊತ್ತು ತಂದಿದ್ದಳು. ಹಿಟ್ಟಿನ ಧೂಳಿನ ನಡುವೆ ಎಲೆ ಹಾಕಿದೆವು.

"ಹೊತ್ತು ಮುಳುಗ್ತಾ ಐತೆ ಧನ್ಯ. ಬ್ಯಾಡ."

"ಕಿಟಕಿ ನೋಡ್ಕೊಂಡು ಉಣ್ಣಕ್ಕ. ಸೂರ್ಯ ಮುಳುಗಿದ್ರೆ ಕೈ ತೆಗಿ."

"ಇದೂ ನಿನ್ನ ತಮಾಷೆನಾ?"

"ಅಲ್ಲ ಅಕ್ಕ."

ಮುಖ ನೋಡಿದಳು. ಕೂತಳು. ಸ್ವಿಚ್ ಹಾಕಿದೆ, ತಿರುಪು ಬಿಗಿ ಮಾಡಿದೆ. ಗುಂಯ್… ಸೂರ್ಯ ಕೆರೆ ಏರಿಯ ಮೇಲೆ ಹಾಗೇ ಕೂತ. ಏರಿಯ ಮೇಲೊಂದು ಎಮ್ಮೆ ಎತ್ತಿದ ಕಾಲು ಇಳಿಸದೆ ನಿಂತಿತು. ಅಕ್ಕ ಸೂರ್ಯನನ್ನು ನೋಡಿದಳು, ಎಮ್ಮೆಯನ್ನು ನೋಡಿದಳು, ಅನ್ನ ಕಲಸಿದಳು.

ತೊವ್ವೆ ಬಡಿಸಿದೆ. ಬಾಳೆಕಾಯಿ ಪಲ್ಯ, ಪಾಯಸ. ನಾಲಿಗೆ ತುದಿಗೆ ಎರಡು ಜೋಕು ಬಂದವು — ಆ ಸದ್ದಿನಲ್ಲಿ ಯಾರಿಗೆ ಕೇಳಬೇಕು? ನುಂಗಿದೆ. ಜೋಕು ಹೋದ ಮೇಲೆ ಅದರಡಿ ಇದ್ದದ್ದು ಬಂತು. ಹೇಳಿದೆ. ಅಕ್ಕ ಕಿವಿಗೆ ಕೈ ಹಿಡಿದು ಏನು ಎಂಬಂತೆ ತಲೆ ಆಡಿಸಿದಳು. ಕೂಗಿದೆ. ಮತ್ತೆ ತಲೆ ಆಡಿಸಿದಳು. ಎದೆ ಹರಿಯುವಂತೆ ಕೂಗುವಾಗಲೇ ಕರೆಂಟು ಹೋಯಿತು —

"…ನಾಕು ಜನಾನ ನಗ್ಸಕ್ಕೆ ನಿನ್ನ ಮಾನ ಕಳ್ದೆ! ತಪ್ಪಾಯ್ತಕ್ಕಾ!"

ಬಸ್ ಸ್ಟ್ಯಾಂಡಿಗೆಲ್ಲ ಕೇಳಿಸಿತು. ಕಂಡಕ್ಟರ್ ವಿಸಿಲ್ ಬಾಯಲ್ಲೇ ಉಳಿಯಿತು.

ಎಮ್ಮೆ ಕಾಲಿಳಿಸಿ ನಡೆಯಿತು. ಸೂರ್ಯ ಇನ್ನೂ ಒಂದು ಬೆರಳು ಮೇಲಿದ್ದ. ಅಕ್ಕ ಉಳಿದ ಪಾಯಸ ಉಂಡಳು, ನೀರು ಕುಡಿದಳು, ಎಲೆ ಮಡಿಸಿದಳು.

"ಮೊದಲ್ನೇ ಸಲವೇ ಕೇಳಿಸ್ತು ಕಣೋ," ಅಂದಳು. "ಒಂಬತ್ತು ವರ್ಷ ಕಾದಿದೀನಿ, ಊರಿಗೂ ಕೇಳ್ಲಿ ಅಂತ ಕೂಗಿಸ್ದೆ."

ವಿಶಾಲ ನಕ್ಕು ನಕ್ಕು ರಾಗಿ ಮೂಟೆ ಮೇಲೇ ಕೂತುಬಿಟ್ಟಳು.

೩ ನವೆಂಬರ್, ಬೆಳಗ್ಗೆ ಆರೂವರೆ

ಅರೇಹಳ್ಳಿ ಬಸ್ಸು ಬೀದಿ ಕೊನೆಯಲ್ಲಿ ನಿಂತು ಹಾರ್ನ್ ಹೊಡೆಯುತ್ತಿದೆ. ಅಕ್ಕ ಜಗಲಿಯಲ್ಲಿ ಕೂತು ವಿಶಾಲಳ ತಲೆ ಬಾಚುತ್ತಿದ್ದಾಳೆ. ಸಿಕ್ಕು ಬಿಡಿಸುವುದು ಮುಗಿಯುವ ಹಾಗೆ ಕಾಣದು. ಹೊರಡುವುದಿಲ್ಲವಾ ಎಂದು ಕೇಳಲು ಎದ್ದೆ. ವಿಶಾಲ ಕಣ್ಣಲ್ಲೇ ನನ್ನನ್ನು ಕೂರಿಸಿದಳು.