ಹನ್ನೊಂದನೆಯ ಮುದ್ರೆ

ಹೇಪೊ
7 ಡಿಸೆಂಬರ್ 2004, ಮಂಗಳವಾರ

ಪ್ರೀತಿಯ ಗ್ವಿಜಾ ಅಕ್ಕ,

ನಿನ್ನೆ ನ್ಯಾಯಾಲಯದ ಮೆಟ್ಟಿಲ ಮೇಲೆ ನೀನು ಕೇಳಿದ್ದಕ್ಕೆ ಉತ್ತರಿಸದೆ ಬಸ್ಸು ಹತ್ತಿಬಿಟ್ಟೆ. "ನಿನ್ನ ಮುದ್ರೆ ಅಲ್ಲಿಗೆ ಹೇಗೆ ಬಂತೇ, ಇನ್‌ಸುಕ್?" ಎಂದೆ. ನಮ್ಮ ವಿದ್ಯಾರ್ಥಿನಿ ಬೊರಮ್ ಪರವಾಗಿ ದೂರು ಕೊಟ್ಟು ಶಾಲೆಯ ಕೆಲಸ ಕಳೆದುಕೊಂಡವಳು ನೀನು. ಕೇಳುವ ಹಕ್ಕು ನಿನಗಿದೆ.

ಶಾಲೆಯ ಸಂಚಾಲಕರಿಗೆ ಎರಡು ವರ್ಷ ಶಿಕ್ಷೆ, ಆದರೆ ಅದನ್ನು ಅಮಾನತಿನಲ್ಲಿಟ್ಟು ಜೈಲಿನಿಂದ ಬಿಟ್ಟುಬಿಟ್ಟರು. ಹನ್ನೊಂದು ಮಂದಿ ಶಿಕ್ಷಕರೂ ಅವರನ್ನು ಕ್ಷಮಿಸಿ ಎಂಬ ಅರ್ಜಿಗೆ ಮುದ್ರೆ ಒತ್ತಿದ್ದಾರೆ ಎಂದು ನ್ಯಾಯಾಧೀಶರು ಓದಿದರಲ್ಲ, ಹನ್ನೊಂದನೆಯ ಹೆಸರು ನನ್ನದು.

ಅಕ್ಕ, ನಿನಗೆ ಗೊತ್ತಿರುವುದೇ. ಸಹಿಯ ಬದಲು ಒತ್ತುವ, ನಮ್ಮೆಲ್ಲರ ಹೆಸರಿನ ಮರದ ಮುದ್ರೆಗಳು ಕಚೇರಿಯ ಡ್ರಾಯರಿನಲ್ಲೇ ಬಿದ್ದಿರುತ್ತವೆ. ರಜೆ ಚೀಟಿಗೆ, ಊಟದ ಪಟ್ಟಿಗೆ ಗುಮಾಸ್ತ ಪ್ಯೊ ತಾನೇ ಒತ್ತಿಕೊಳ್ಳುತ್ತಾನೆ. ಹದಿನೆಂಟು ವರ್ಷದಲ್ಲಿ ಆ ಮುದ್ರೆಯನ್ನು ನಾನು ಕೈಯಲ್ಲಿ ಹಿಡಿದದ್ದೇ ಅಪರೂಪ. ಆ ಅರ್ಜಿಗೂ ಹಾಗೇ ಒತ್ತಿರಬೇಕು. ನನಗೆ ತಿಳಿಯದು.

ಇವತ್ತು ಆ ಸಂಚಾಲಕ ಶಾಲೆಗೆ ಮರಳಿ ಬಂದ. ಜೈಲಿನಿಂದ ಬಂದವರಿಗೆ ತೋಫು ತಿನ್ನಿಸುವುದುಂಟಲ್ಲ, ಅಡುಗೆಯವರು ಇಡೀ ಶಾಲೆಗೇ ತೋಫು ಬಡಿಸಿದರು. ಪ್ಯೊ ನನ್ನ ತಟ್ಟೆ ನೋಡಿ, "ತಿನ್ನಿ ಟೀಚರ್, ಒಳಗಿದ್ದೋರು ಅವ್ರು, ಸೊರಗಿರೋರು ನೀವು" ಎಂದ. ಎಲ್ಲರೂ ನಕ್ಕರು. ನಾನೂ ನಕ್ಕೆ. ಬೊರಮ್ ಚಮಚ ಮುಟ್ಟಲಿಲ್ಲ. ಎರಡೂ ಕೈಗಳನ್ನು ತೊಡೆಯ ಕೆಳಗಿಟ್ಟುಕೊಂಡು ಕೂತಿದ್ದಳು. ಕಿವಿ ಕೇಳದ, ಕೈಗಳಲ್ಲೇ ಮಾತಾಡುವ ಆ ಹುಡುಗಿಯ ಕೈ ಕಟ್ಟಿ ಬಾಯ್ಲರ್ ಕೋಣೆಯಲ್ಲಿ ಕೂಡಿಹಾಕುತ್ತಿದ್ದ ಮನುಷ್ಯ ನಾಲ್ಕು ಮೇಜಿನಾಚೆ ಕೂತು, ಸೂಪಿಗೆ ಉಪ್ಪು ಸಾಲದು ಎನ್ನುತ್ತಿದ್ದ.

ಬೊರಮ್‌ಗೆ ಇರುವುದು ಅಜ್ಜಿಯೊಬ್ಬಳೇ, ಆಕೆ ದ್ವೀಪದಲ್ಲಿ ಹಾಸಿಗೆ ಹಿಡಿದಿದ್ದಾಳೆ. ನಾನಿರುವ ಕೋಣೆ ಶಾಲೆಯದು, ಅದರ ಕಿಟಕಿ ತೆರೆದರೆ ಕಾಣುವುದು ಶಾಲೆಯ ಗೋಡೆ. ಇಲ್ಲಿಂದ ಹೊರಟು ಹೋಗುವ ಜಾಗ ನಮ್ಮಿಬ್ಬರಿಗೂ ಇಲ್ಲ.

ಒಂದೇ ಒಂದು ಮುದ್ರೆಯಾದರೂ ಕೇಳದೆ ಒತ್ತಿದ್ದು ಎಂದಾದರೆ ಮೇಲ್ಮನವಿಗೆ ದಾರಿಯಿದೆ ಎಂದು ಸರ್ಕಾರಿ ವಕೀಲರು ಹೇಳಿದರೆಂದು ನಿನ್ನೆ ನೀನೇ ತಿಳಿಸಿದೆ. ಗಡುವು ಸೋಮವಾರ. ಶುಕ್ರವಾರವೇ ಅವರ ಕಚೇರಿಗೆ ಬರುತ್ತೇನೆ. ನನ್ನನ್ನು ಕೇಳಲಿಲ್ಲ ಎಂದು ಹೇಳುತ್ತೇನೆ. ನೀನು ಬಾಗಿಲ ಬಳಿ ನಿಂತಿರು, ಸಾಕು.

ಇನ್ನೂ ನಿನ್ನ ತಂಗಿಯಾಗಿಯೇ ಇರಲು ಬಯಸುವ,
ಇನ್‌ಸುಕ್

ತಾ. ಕ.: ಲಕೋಟೆ ಅಂಟಿಸಿ ಮತ್ತೆ ಬಿಚ್ಚಿದೆ. ಪ್ಯೊ ನನ್ನನ್ನು ಕೇಳಿದ್ದ. ಚಳಿಗಾಲಕ್ಕೆಂದು ಎಲೆಕೋಸಿನ ಕಿಮ್ಚಿ ಉಪ್ಪಿನಕಾಯಿ ಹಾಕುವ ದಿನ, ಅಂಗಳದಲ್ಲಿ ಮೊಣಕೈವರೆಗೆ ಖಾರ ಮೆತ್ತಿಕೊಂಡು ಕೂತಿದ್ದೆ. "ಸಂಚಾಲಕರನ್ನ ಬಿಡಿಸೋ ಅರ್ಜಿ, ಟೀಚರ್. ಕೈ ತೊಳೀಬೇಡಿ ಬಿಡಿ, ನಾನೇ ಒತ್ಕೋತೀನಿ" ಎಂದ. ನಾನು ಆಗಲಿ ಎಂದು ತಲೆಯಾಡಿಸಿದೆ. ಇದನ್ನು ಹೇಳಿದರೆ ಅರ್ಜಿ ಗಟ್ಟಿಯಾಗುತ್ತದೆ, ಸಂಚಾಲಕ ಇಲ್ಲೇ ಉಳಿಯುತ್ತಾನೆ. ಆದರೆ ಅಂದು ನನ್ನೆದುರು ಕೂತು ಎಲೆಕೋಸು ಎತ್ತಿಕೊಡುತ್ತಿದ್ದವಳು ಬೊರಮ್. ತುಟಿ ನೋಡಿ ಮಾತು ಓದುವುದನ್ನು ಅವಳಿಗೆ ಕಲಿಸಿದವಳು ನಾನೇ. ಶುಕ್ರವಾರ ವಕೀಲರ ಕೋಣೆಯಲ್ಲಿ ಅವಳೂ ಇರುತ್ತಾಳೆ. ಅವಳಿಗಾಗಿ ನಾನು ಹೇಳುವ ಸುಳ್ಳನ್ನು ನನ್ನ ತುಟಿಯ ಮೇಲೆ ಓದುತ್ತಾಳೆ.