ಇಲ್ಲದ ಕಾದಂಬರಿಯ ಕೊನೆ

ಮಂಗಳವಾರ, ೬ನೇ ತಾರೀಖು

ನನ್ನ ಮುದ್ದಿನ ಪಂಡಿತಮ್ಮನಿಗೆ,

ನೀನು ಕಳಿಸಿದ ಮಹಾಪ್ರಬಂಧ ತಲುಪಿತು. ಕೊರಿಯರ್‌ನವನು ಅದನ್ನು ಎರಡೂ ಕೈಯಲ್ಲಿ ಹೊತ್ತು ತಂದು, "ಒಳಗೇನಮ್ಮಾ, ಟೈಲ್ಸಾ?" ಎಂದು ಕೇಳಿದ. "ಅಲ್ಲಪ್ಪಾ, ನನ್ನ ಮಗಳ ಆರು ವರ್ಷ" ಎಂದೆ. ಪಾಪ, ಮೆಲ್ಲಗೆ ಕೆಳಗಿಟ್ಟು ಹೋದ.

ಅದ್ಭುತ ಕಥೆಗಳಲ್ಲಿ, ವೈಜ್ಞಾನಿಕ ಕಾದಂಬರಿಗಳಲ್ಲಿ ಸರ್ಕಾರ ಹೇಗೆ ನಡೆಯುತ್ತದೆ ಎಂಬುದರ ಮೇಲೆ ಮುನ್ನೂರ ಎಂಬತ್ತು ಪುಟ ಬರೆಯಬಹುದು ಎಂದು ನನಗೆ ಗೊತ್ತಿರಲಿಲ್ಲ. ನಿಜವಾದ ಸರ್ಕಾರದ ಮೇಲೆ ಇಷ್ಟು ವರ್ಷ ಬರೆದರೂ ನನ್ನದು ವಾರಕ್ಕೊಂದು ಕಾಲಂ ದಾಟಲಿಲ್ಲ. ಮೊದಲೆರಡು ಅಧ್ಯಾಯ ಓದಿ ಬೀಗಿದೆ. ಕೆಳಗಿನ ಮಹಡಿಯ ದರ್ಜಿಯನ್ನು ಕೂರಿಸಿಕೊಂಡು ಗಟ್ಟಿಯಾಗಿ ಓದಿ ಹೇಳಿದೆ. ಆತ ಎರಡನೇ ಪುಟಕ್ಕೇ ಅಂಗಡಿಯಲ್ಲಿ ಗಿರಾಕಿ ಕಾಯುತ್ತಿದ್ದಾರೆಂದು ಎದ್ದ.

ಮೂರನೇ ಅಧ್ಯಾಯಕ್ಕೆ ಬಂದಾಗ ಹಾಳೆ ಕೆಳಗಿಟ್ಟೆ. ಇದನ್ನು ಫೋನಿನಲ್ಲಿ ಹೇಳಿದರೆ ನೀನು ನಗುತ್ತೀಯೆ, ಅದಕ್ಕೇ ಬರೆಯುತ್ತಿದ್ದೇನೆ. ಕೂತುಕೊಂಡು ಓದು.

'ನೆರಳಿಲ್ಲದವರ ಪುರಸಭೆ' ಎಂಬ ಕಾದಂಬರಿಯ ಮೇಲೆ ನಲವತ್ತು ಪುಟ ಬರೆದಿದ್ದೀಯಲ್ಲ, ಅಂಥ ಕಾದಂಬರಿ ಇಲ್ಲ. ಅಂಗಡಿಯಲ್ಲಿ ಸಿಗುವುದಿಲ್ಲ ಅಂತಲ್ಲ, ಇಲ್ಲ. ಯಾವತ್ತೂ ಇರಲಿಲ್ಲ.

ಇಪ್ಪತ್ತೊಂಬತ್ತು ವರ್ಷದ ಹಿಂದೆ ನಾನು ವಾರಪತ್ರಿಕೆಯೊಂದರಲ್ಲಿ ಕರಡು ತಿದ್ದುತ್ತಿದ್ದೆ. ಒಂದು ವಾರ ಪುಸ್ತಕ ವಿಮರ್ಶೆ ಬರೆಯಬೇಕಾದವರು ಕೈಕೊಟ್ಟರು. ಅರ್ಧ ಪುಟ ಖಾಲಿ. ಅಚ್ಚಿನ ಮೊಳೆ ಜೋಡಿಸುವವರು ಬಾಗಿಲಲ್ಲಿ ನಿಂತು, "ಏನಮ್ಮಾ, ಬರೀ ಬಿಳೀ ಹಾಳೆನೇ ಅಚ್ಚು ಹಾಕ್ಲಾ?" ಎಂದು ಗದರಿದರು. ಸಂಪಾದಕರು ತಲೆಯೆತ್ತದೆ, "ಏನಾದ್ರೂ ತುಂಬಿಸಮ್ಮ, ಮುಂದಿನ ವಾರ ಯಾರು ನೆನಪಿಟ್ಕೋತಾರೆ" ಎಂದರು. ಮುಕ್ಕಾಲು ಗಂಟೆಯಲ್ಲಿ ನಾನೊಂದು ಊರು ಕಟ್ಟಿದೆ. ಅಲ್ಲಿ ನೆರಳು ಇಟ್ಟುಕೊಳ್ಳಲು ಪರವಾನಗಿ ಬೇಕು. ಕಚೇರಿಗೆ ಅಲೆದು ಸಾಕಾಗಿ ಜನ ನೆರಳನ್ನೇ ಬಿಟ್ಟುಬಿಡುತ್ತಾರೆ. ಕಾದಂಬರಿಕಾರನಿಗೆ 'ಸಂಚಾರಿ' ಎಂದು ಹೆಸರಿಟ್ಟೆ. ಯಾರೂ ಅಂಗಡಿಗೆ ಹೋಗಿ ಕೇಳದಿರಲೆಂದು, ಅಚ್ಚಾದ ನೂರು ಪ್ರತಿಗಳಲ್ಲಿ ಬಹುಪಾಲು ಗೆದ್ದಲಿನ ಪಾಲಾಯಿತೆಂದೂ ಸೇರಿಸಿದೆ. ಕೆಳಗೆ ನನ್ನ ಹೆಸರು ಹಾಕಲಿಲ್ಲ.

ನೀನು ಆ ವಿಮರ್ಶೆಯನ್ನು ನಂಬಿದ್ದು ನನ್ನ ಪಾಪ. ಅಷ್ಟೇ ಆಗಿದ್ದರೆ ಇಷ್ಟು ಹೆದರುತ್ತಿರಲಿಲ್ಲ. ನಿನ್ನ ಮಾರ್ಗದರ್ಶಕರಾದ ಮೇಷ್ಟ್ರು ತಮ್ಮ ಹೆಸರಾಂತ ವಿಮರ್ಶಾಗ್ರಂಥದಲ್ಲಿ ಆ ಕಾದಂಬರಿಯನ್ನು ಹದಿನಾಲ್ಕು ಪುಟ ಚರ್ಚಿಸಿದ್ದಾರಂತೆ. (ನಾನು ಅದನ್ನು ಓದಿರಲಿಲ್ಲ. ವಿಮರ್ಶಾಗ್ರಂಥ ಓದುವುದು ಅದನ್ನು ಬರೆದವರ ಕೆಲಸ ಎಂದುಕೊಂಡಿದ್ದೆ.) ಕಾದಂಬರಿಯಿಂದ ಎರಡು ವಾಕ್ಯಗಳನ್ನೂ ಎತ್ತಿ ಕೊಟ್ಟಿದ್ದಾರೆ, ನೀನು ಅವರಿಂದ ಎತ್ತಿಕೊಂಡಿದ್ದೀಯೆ. ಆ ಎರಡು ವಾಕ್ಯ ನನ್ನ ವಿಮರ್ಶೆಯಲ್ಲಿ ಇಲ್ಲ. ನಾನು ಅಷ್ಟು ಕೆಟ್ಟದಾಗಿ ಬರೆಯುವವಳೂ ಅಲ್ಲ.

ಹದಿನಾಲ್ಕಕ್ಕೆ ನಿನ್ನ ಮೌಖಿಕ ಪರೀಕ್ಷೆ. ಎಂಟು ದಿನ ಇದೆ. ಏನು ಮಾಡುತ್ತೀಯೋ ಮಾಡು, ಆ ಅಧ್ಯಾಯ ಕಂಕುಳಲ್ಲಿಟ್ಟುಕೊಂಡು ಮಾತ್ರ ಒಳಗೆ ಹೋಗಬೇಡ.

ಇಂತಿ,
ತಲೆ ತಗ್ಗಿಸಿ ಕೂತಿರುವ ನಿನ್ನ ಅಮ್ಮ

*

ಶುಕ್ರವಾರ, ೯

ಅಮ್ಮನಿಗೆ,

'ಪ್ರೀತಿಯ' ಎಂಬ ಪದವನ್ನು ಬೇಕೆಂದೇ ಬಿಟ್ಟಿದ್ದೇನೆ. ಕರಡು ತಿದ್ದಬೇಡ.

ನಿನ್ನ ಪತ್ರ ಓದಿ ಮೊದಲು ನಕ್ಕೆ. ಆಮೇಲೆ ಗ್ರಂಥಾಲಯಕ್ಕೆ ಹೋಗಿ, ಆ ವಿಮರ್ಶೆಯನ್ನೂ ಮೇಷ್ಟ್ರ ಪುಸ್ತಕವನ್ನೂ ಪಕ್ಕಪಕ್ಕ ಇಟ್ಟು ಸಾಲು ಸಾಲಾಗಿ ಬೆರಳಿಟ್ಟು ನೋಡಿದೆ. ಆಮೇಲೆ ನಗು ಬರಲಿಲ್ಲ. ವಿಮರ್ಶೆಯಲ್ಲಿ ಇರುವುದೆಲ್ಲ ಅವರಲ್ಲಿ ಇದೆ. ಆ ಎರಡು ವಾಕ್ಯ ಬಿಟ್ಟರೆ ಹೆಚ್ಚಿನದೇನೂ ಇಲ್ಲ.

ನೇರವಾಗಿ ಮೇಷ್ಟ್ರ ಕೋಣೆಗೆ ಹೋದೆ. ಮೂರನೇ ಮಹಡಿ, ಇರುವ ನಾಲ್ಕು ಕುರ್ಚಿಯ ಮೇಲೂ ಪುಸ್ತಕ. ಬಂದವರು ನಿಂತೇ ಮಾತಾಡಬೇಕು. "ಮೇಷ್ಟ್ರೇ, ಆ ಪುರಸಭೆ ಕಾದಂಬರಿ ನಿಮ್ಮ ಹತ್ರ ಇದ್ಯಾ? ಪರೀಕ್ಷೆಗೆ ಮುಂಚೆ ಒಂದ್ಸಲ ನೋಡ್ಬೇಕಿತ್ತು" ಎಂದೆ. "ಇತ್ತಮ್ಮ. ಯಾರೋ ಓದ್ತೀನಿ ಅಂತ ತಗೊಂಡ್ ಹೋದ್ರು. ಕೊಟ್ಟ ಪುಸ್ತಕ ಎಲ್ಲಾದ್ರೂ ವಾಪಸ್ ಬರತ್ತಾ?" ಎಂದು ನಕ್ಕರು. ನಾನು ನಿನ್ನ ಪತ್ರವನ್ನೇ ಅವರ ಕೈಗಿಟ್ಟೆ. ಎರಡು ಸಲ ಓದಿದರು. ಕನ್ನಡಕ ತೆಗೆದು ಒರೆಸಿದರು, ಹಾಕಿಕೊಂಡರು, ಮತ್ತೆ ತೆಗೆದು ಒರೆಸಿದರು. "ನಿಮ್ಮ ತಾಯಿ ಹಾಸ್ಯ ಬರೆಯೋರಲ್ವೇನಮ್ಮ? ಇದೂ ಒಂದು ಹಾಸ್ಯ ಅಂತ ತಿಳ್ಕೊಂಡು ಬಿಟ್ಬಿಡು" ಎಂದರು.

ಅಮ್ಮ, ಅವರು ಆರು ವರ್ಷ ನನ್ನ ಒಂದೊಂದು ವಾಕ್ಯವನ್ನೂ ಕೈಹಿಡಿದು ತಿದ್ದಿದವರು. ನನಗೆ ಜ್ವರ ಬಂದು ಬಿದ್ದಾಗ ಆಸ್ಪತ್ರೆಗೆ ಸೇರಿಸಿ ಬಾಗಿಲಲ್ಲಿ ಕೂತವರು. ಮುಂದಿನ ತಿಂಗಳು ನಿವೃತ್ತರಾಗುತ್ತಾರೆ. ನೀನು? ನನ್ನ ಮೊದಲ ಕೆಲಸ ಹೋದದ್ದನ್ನು ಕಾಲಂ ಮಾಡಿದವಳು. ನನ್ನ ಮದುವೆ ಮಾತು ಮುರಿದುಬಿದ್ದದ್ದನ್ನು ಎರಡು ಕಂತಿನಲ್ಲಿ ಬರೆದವಳು. ಅದಕ್ಕೇ ತಾನೆ ಪ್ರಬಂಧದ ಒಂದು ಹಾಳೆಯನ್ನೂ ಮುಗಿಯುವ ತನಕ ನಿನ್ನ ಕಣ್ಣಿಗೆ ಬೀಳದಂತೆ ಇಟ್ಟದ್ದು? ಇದು ಮುಂದಿನ ವಾರದ ಕಾಲಂ ಅಲ್ಲ ಎಂದು ನಾನು ಹೇಗೆ ನಂಬಲಿ?

ಎರಡನೇ ಅಧ್ಯಾಯದಲ್ಲಿ ನಾನೇ ಬರೆದಿದ್ದೇನೆ: ಅದ್ಭುತ ಕಥೆಯಲ್ಲಿ ಒಂದೇ ಒಂದು ಅಸಂಭವಕ್ಕೆ ಜಾಗ, ಅದನ್ನು ಒಪ್ಪಿದ ಮೇಲೆ ಮಿಕ್ಕದ್ದೆಲ್ಲ ಚಾಚೂ ತಪ್ಪದೆ ನಡೆಯಬೇಕು. ಆ ಅಳತೆಯಲ್ಲಿ ನಿನ್ನ ಕಥೆಯೂ ಪಾಸು, ಮೇಷ್ಟ್ರದೂ ಪಾಸು. ಪುಸ್ತಕ ಇದೆ ಎನ್ನುವವರು ಅದನ್ನು ಮೇಜಿನ ಮೇಲಿಟ್ಟರೆ ಸಾಕು. ಇಲ್ಲ ಎನ್ನುವವಳು ಏನನ್ನು ಇಡುತ್ತೀಯೆ?

ಆ ಅಧ್ಯಾಯ ತೆಗೆದರೆ ನಾಲ್ಕು, ಐದು ಎರಡೂ ಕುಸಿಯುತ್ತವೆ. ತೆಗೆಯದಿದ್ದರೆ, ನೀನು ಹೇಳಿದ್ದು ನಿಜವಾಗಿದ್ದರೆ, ಬದುಕಿಡೀ ಗೆದ್ದಲು ಹಿಡಿದ ಡಾಕ್ಟರೇಟ್ ಹೊತ್ತು ತಿರುಗಬೇಕು. ಸಾಕ್ಷಿ ಕೊಡು. ಇಲ್ಲದಿದ್ದರೆ ಸುಮ್ಮನಿರು.

ನಿನ್ನ ಮಗಳು

*

ಶನಿವಾರ, ೧೦

ಮಗಳೇ,

ಮೊದಲು ಆ ಎರಡು ಕಂತಿನ ವಿಷಯ. ತಪ್ಪಾಯಿತು. ಓದುಗರು ಹೊಟ್ಟೆ ಹಿಡಿದು ನಗುತ್ತಿದ್ದಾಗ ನೀನು ಊಟ ಬಿಟ್ಟು ಮಲಗಿದ್ದೆ. ಎರಡೂ ನನಗೆ ಗೊತ್ತಿತ್ತು. ಗೊತ್ತಿದ್ದೂ ಎರಡನೇ ಕಂತು ಬರೆದೆ. ಈ ಪುರಸಭೆಯ ವಿಷಯ ಮಾತ್ರ ಯಾವ ಕಾಲಮ್ಮಿಗೂ ಬರುವುದಿಲ್ಲ.

ಸಾಕ್ಷಿಗೆ ತಡಕಾಡಿದೆ. ಸಂಪಾದಕರು ತೀರಿಕೊಂಡಿದ್ದಾರೆ. ಪತ್ರಿಕೆ ಅವರಿಗಿಂತ ಮೊದಲೇ ತೀರಿಕೊಂಡಿತು. ಬೆಳಿಗ್ಗೆ ನಿನ್ನ ಪತ್ರ ಬಂದ ಕೂಡಲೇ ಮೊಳೆ ಜೋಡಿಸುತ್ತಿದ್ದವರ ಮನೆಗೆ ಹೋಗಿದ್ದೆ. "ವಿಮರ್ಶೆನಾ? ನಾನು ಅಕ್ಷರ ಜೋಡಿಸ್ತಿದ್ದೆ ಕಣಮ್ಮ, ಓದ್ತಿರ್ಲಿಲ್ಲ. ಓದಿದ್ರೆ ಆ ಕೆಲ್ಸದಲ್ಲಿ ಅಷ್ಟು ವರ್ಷ ಇರ್ತಿದ್ನಾ?" ಎಂದರು. ಹೀಗಾಗಿ ನನ್ನ ಕೈ ಖಾಲಿ.

ಒಂದೇ ಒಂದು ದಾರಿ ಹೊಳೆಯುತ್ತಿದೆ. ಪತ್ರಿಕೆಗೆ ವಿಮರ್ಶೆ ಬರೆಯುವವರು ಕಥೆಯ ಕೊನೆ ಬಿಟ್ಟುಕೊಡಬಾರದು. ಅದು ಈ ಕಸುಬಿನ ಪದ್ಧತಿ. ನಾನೂ 'ಕೊನೆಯನ್ನು ಓದುಗರು ಓದಿಯೇ ತಿಳಿಯಲಿ' ಎಂದು ಘನಗಂಭೀರವಾಗಿ ಮುಗಿಸಿದ್ದೆ. ನಿಜಾಂಶವೆಂದರೆ ಕೊನೆ ನನಗೇ ಗೊತ್ತಿರಲಿಲ್ಲ, ಅರ್ಧ ಪುಟ ತುಂಬಿತ್ತು, ಎದ್ದು ಹೋದೆ. ನಿಮ್ಮಂಥ ವಿದ್ವಾಂಸರಿಗೆ ಆ ಕಟ್ಟುಪಾಡು ಇಲ್ಲವಲ್ಲ. ನೀವು ಕಥೆಯ ಕೊನೆಯಿಂದಲೇ ಶುರು ಮಾಡುವವರು. ಹಾಗಿದ್ದೂ ನಿನ್ನ ನಲವತ್ತು ಪುಟದಲ್ಲಿ ಕೊನೆ ಇಲ್ಲ. ಮೇಷ್ಟ್ರ ಹದಿನಾಲ್ಕರಲ್ಲಿ ಇದೆಯೇ, ನೋಡು.

ಇಲ್ಲದಿದ್ದರೆ ಅವರನ್ನೇ ಕೇಳು, ಕಥೆ ಹೇಗೆ ಮುಗಿಯುತ್ತದೆ ಎಂದು. ಅವರು ಹೇಳಿದರೆ ನನ್ನನ್ನು ಸುಳ್ಳುಗಾರ್ತಿ ಎಂದುಕೋ. ಮತ್ತೆ ಮಾತಾಡಿಸದಿದ್ದರೂ ಸರಿ.

ನಿನ್ನ ಅಮ್ಮ

*

ಬುಧವಾರ, ೧೪, ಸಂಜೆ

ಪ್ರೀತಿಯ ಅಮ್ಮ,

ಸೋಮವಾರ ಕೇಳಿದೆ. ಅವರು ಹೇಳಿದರು.

ತಡವರಿಸಲಿಲ್ಲ, ಕನ್ನಡಕ ಒರೆಸಲಿಲ್ಲ. ಕಿಟಕಿಯ ಕಡೆ ನೋಡುತ್ತಾ, "ಕೊನೇಲಿ ನೆರಳುಗಳು ವಾಪಸ್ ಬರ್ತವೆ ಕಣಮ್ಮ. ಆದ್ರೆ ಬರೋದು ನಡುಮಧ್ಯಾಹ್ನ. ಯಾರ ಕಣ್ಣಿಗೂ ಬೀಳಲ್ಲ. ಜನ ಕಾಯ್ತಾ ಕಾಯ್ತಾ ಅವುಗಳ ಮೇಲೇ ನಿಂತಿರ್ತಾರೆ" ಎಂದರು. ಆ ಗಳಿಗೆಯಲ್ಲಿ ನಿನ್ನನ್ನು ಸುಳ್ಳುಗಾರ್ತಿ ಎಂದು ತೀರ್ಮಾನಿಸಿಬಿಟ್ಟೆ, ಸಮಾಧಾನವೂ ಆಯಿತು. ಖುಷಿಯಲ್ಲೇ ಬಿಳಿ ಹಾಳೆ ಮುಂದಿಟ್ಟು, "ಇಷ್ಟನ್ನೇ ಬರೆದು, ಪುಟ ಸಂಖ್ಯೆ ಹಾಕಿ ಒಂದು ಸಹಿ ಮಾಡ್ಕೊಡಿ ಮೇಷ್ಟ್ರೇ. ಅಡಿಟಿಪ್ಪಣಿಗೆ ಬೇಕು" ಎಂದೆ.

ಅವರು ಪೆನ್ನಿನ ಮುಚ್ಚಳ ತೆಗೆದರು. 'ಪುಟ' ಎಂದು ಬರೆದರು. ಮುಂದಕ್ಕೆ ಕೈ ಹೋಗಲಿಲ್ಲ. ಕಡೆಗೆ ಮುಚ್ಚಳ ಹಾಕಿ, "ಇವತ್ತು ಬೇಡಮ್ಮ, ಕಣ್ಣು ಮಂಜು" ಎಂದರು. ಬಾಯಲ್ಲಿ ಎಷ್ಟು ಬೇಕಾದರೂ ಹೇಳಬಹುದು. ಅಡಿಟಿಪ್ಪಣಿಯಲ್ಲಿ ಸುಳ್ಳು ಬರೆಯಲು ಅವರಿಂದಲೂ ಆಗಲಿಲ್ಲ. ಆ ಹಾಳೆ ಎತ್ತಿಕೊಂಡು ಹೊರಗೆ ಬಂದೆ.

ಇವತ್ತು ಪರೀಕ್ಷೆ. ಉದ್ದ ಮೇಜಿನ ಆಚೆ ಐದು ಜನ. ನಡುವೆ ಹೊರಗಿನಿಂದ ಬಂದ ಪರೀಕ್ಷಕಿ. ಅವರ ಮುಂದಿದ್ದ ನನ್ನ ಪ್ರಬಂಧದ ಮೂರನೇ ಅಧ್ಯಾಯದಿಂದ ಹಳದಿ ಚೀಟಿಗಳು ನಾಲಿಗೆ ಚಾಚಿದ್ದವು. ಪಕ್ಕದಲ್ಲೇ ಮೇಷ್ಟ್ರು. ಯಾರೂ ಬಾಯಿ ತೆರೆಯುವ ಮೊದಲೇ ಎದ್ದು ನಿಂತೆ. "ಮೂರನೇ ಅಧ್ಯಾಯ ವಾಪಸ್ ತಗೋತೀನಿ. ಆ ಕಾದಂಬರಿನೇ ಇಲ್ಲ. ಬೇರೆಯವರು ಬರೆದಿದ್ದನ್ನ ನಂಬಿದೆ, ನಂಬಿದ್ದೇ ನನ್ನ ತಪ್ಪು" ಎಂದೆ.

ಪರೀಕ್ಷಕಿ ಒಂದು ಚೀಟಿಯ ಪುಟ ತೆರೆದರು. "ಪುಸ್ತಕನೇ ಇಲ್ಲ ಅಂದ್ರೆ, ಇಲ್ಲಿರೋ ಎರಡು ವಾಕ್ಯ ಯಾರದಮ್ಮ?"

ನನಗೆ ಉತ್ತರ ಗೊತ್ತಿತ್ತು. ಒಂದು ಹೆಸರು ಹೇಳಿದ್ದರೆ ಮುಗಿಯುತ್ತಿತ್ತು. ಅವರು ಇನ್ನೊಮ್ಮೆ ಕೇಳಿದರು, ಈ ಸಲ ಸ್ವಲ್ಪ ಗಟ್ಟಿಯಾಗಿ. ನಾನು ಮೇಜಿನ ಮೇಲಿನ ನೀರಿನ ಲೋಟವನ್ನೇ ನೋಡುತ್ತಿದ್ದೆ.

"ನನ್ನವು" ಎಂದರು ಮೇಷ್ಟ್ರು.

ಆಮೇಲೆ, ಕ್ಲಾಸಿನಲ್ಲಿ ಪಾಠ ಹೇಳುವ ಅದೇ ದನಿಯಲ್ಲಿ ಹೇಳಿದರು: "ಈ ಕೆಲಸದ ಸಂದರ್ಶನಕ್ಕೆ ಬಂದಾಗ ಕೇಳಿದ್ರು, ಈ ಹೊಸ ಕಾದಂಬರಿ ಓದಿದೀರಾ ಅಂತ. ಹಿಂದಿನ ದಿನ ಪತ್ರಿಕೇಲಿ ವಿಮರ್ಶೆ ನೋಡಿದ್ದೆ. ಹೂಂ ಅಂದೆ. ಕೆಲಸ ಸಿಕ್ತು. ಆಮೇಲೆ ಪ್ರತಿ ವರ್ಷ ಅದನ್ನ ಪಾಠ ಮಾಡ್ಬೇಕಾಯ್ತು. ಹುಡುಗರು ಉದಾಹರಣೆ ಕೇಳ್ತಿದ್ರು." ಪರೀಕ್ಷಕಿ ಎಲ್ಲವನ್ನೂ ಬರೆದುಕೊಂಡರು. ಮೇಷ್ಟ್ರನ್ನು ಹೊರಗೆ ಹೋಗಲು ಹೇಳಿದರು. ಹೋದರು, ಬಾಗಿಲನ್ನು ಸದ್ದಾಗದಂತೆ ಎಳೆದುಕೊಂಡು.

ನನಗೆ ಆರು ತಿಂಗಳು ಕೊಟ್ಟಿದ್ದಾರೆ. ಮೂರು ಅಧ್ಯಾಯ ಹೊಸದಾಗಿ ಬರೆಯಬೇಕು, ಬೇರೆ ಮಾರ್ಗದರ್ಶಕರ ಕೈಕೆಳಗೆ. ಪದವಿ ಕೈತಪ್ಪಿಲ್ಲ. ಮೇಷ್ಟ್ರ ಮೇಲೆ ವಿಚಾರಣೆ ನಡೆಯುತ್ತದಂತೆ. ಹೊರಗೆ ಮೆಟ್ಟಿಲ ಹತ್ತಿರ ಕಾಯುತ್ತಿದ್ದರು. ಏನಾಯಿತೆಂದು ಕೇಳಿದರು, ಹೇಳಿದೆ. "ಸದ್ಯ" ಎಂದರು. ನಾಲ್ಕು ಮೆಟ್ಟಿಲು ಇಳಿದವರು ತಿರುಗಿ ನಿಂತು, "ನಿಮ್ಮ ತಾಯಿ ಬರೆದಿದ್ರಲ್ಲ, ಆ ಎರಡು ವಾಕ್ಯ ಅಷ್ಟು ಕೆಟ್ಟದಾಗಿದ್ವೇನಮ್ಮ?" ಎಂದರು. ಇಲ್ಲ ಮೇಷ್ಟ್ರೇ ಎಂದೆ. ಅಮ್ಮ, ಆ ಕೊನೆ ನಿಜವಾಗಿಯೂ ಚೆನ್ನಾಗಿತ್ತು. ನಿನಗೂ ಹೊಳೆಯದ ಕೊನೆ.

ಇಂತಿ ನಿನ್ನ,
ಪಂಡಿತಮ್ಮ

ತಾ.ಕ.: ಪ್ರಬಂಧದ ಹಿಂದೆ ಗ್ರಂಥಸೂಚಿ ಇದೆಯಲ್ಲ, ಅದರಲ್ಲಿ ಸಂಶೋಧಕಿ ಖುದ್ದಾಗಿ ಕೈಯಲ್ಲಿ ಹಿಡಿದು ಓದಿದ ಪುಸ್ತಕಗಳಿಗೆ ನಕ್ಷತ್ರದ ಗುರುತು ಹಾಕಬೇಕು. ಆ ಕಾದಂಬರಿಯ ಮುಂದೆಯೂ ಒಂದು ನಕ್ಷತ್ರ ಇದೆ. ಮೇಷ್ಟ್ರು ಹಾಕಿಸಿದ್ದಲ್ಲ, ನಾನೇ ಹಾಕಿದ್ದು. ನಲವತ್ತು ಪುಟ ಬರೆದು ಪುಸ್ತಕ ನೋಡಿಲ್ಲ ಎನ್ನಲು ನಾಚಿಕೆಯಾಯಿತು. ಇವತ್ತು ಯಾರೂ ಆ ಪುಟ ತೆರೆಯಲಿಲ್ಲ. ನಾನು ಬಾಯಿ ಬಿಡಲಿಲ್ಲ. ಮೇಷ್ಟ್ರೊಬ್ಬರೇ ಹೊರಗೆ ಹೋದರು. ಅಚ್ಚಾದ ಹಾಳೆಯಲ್ಲಿ ಒಂದು ಚುಕ್ಕೆ ತಪ್ಪಿದ್ದರೂ ನಿನ್ನ ಕಣ್ಣಿಗೆ ಬೀಳುತ್ತದೆ. ಇದು ಬೀಳದೆ ಇದ್ದಿರಲಾರದು. ನೀನು ಎರಡು ಪತ್ರ ಬರೆದೆ, ಎರಡರಲ್ಲೂ ಅದರ ಸುದ್ದಿ ಎತ್ತಲಿಲ್ಲ. ಪರೀಕ್ಷಕಿಯ ರೈಲು ನಾಳೆ ಹತ್ತಕ್ಕೆ. ಎಂಟೂವರೆಗೆ ಅತಿಥಿಗೃಹಕ್ಕೆ ಹೋಗಿ ಹೇಳಿಬಿಡುತ್ತೇನೆ. ಆ ಆರು ತಿಂಗಳೂ ಹೋಗಬಹುದು. ಈ ಪತ್ರ ನಿನ್ನ ಕೈ ಸೇರುವಷ್ಟರಲ್ಲಿ ಹೇಳಿ ಆಗಿರುತ್ತದೆ, ಬೇಡವಾಗಿತ್ತು ಎಂದು ಫೋನ್ ಮಾಡಬೇಡ.